ಹೆಸರಿಗೆ ಮಾತ್ರ ಓಕ್

ಹೊಳೆನರಸೀಪುರ ತಾಲ್ಲೂಕಿನ ಹರದನಹಳ್ಳಿಯಿಂದ ಪಶ್ಚಿಮಾಭಿಮುಖವಾಗಿ ಸಕಲೇಶಪುರದ ಕಾಫಿ ತೋಟಗಳವರೆಗೆ ಹೋದರೆ, ನೆಟ್ಟಗೆ ಬೆಳೆದ ಸಿಲ್ವರ್ ಓಕ್ ಮರಗಳ ಸಾಲನ್ನು ಕಾಣುವೆವು. ಇದು ಓಕ್ ಜಾತಿಯದೇ? ಅಲ್ಲ. ನಿಜವಾದ ಓಕ್ ನಮ್ಮ ಘಟ್ಟಗಳಲ್ಲಿ ತಾನಾಗಿ ಬೆಳೆಯದು, ಹಿಮಾಲಯದಲ್ಲಿ ಬೆಳೆಯುವುದು. ಅದರ ಕಾಯಿ ಪುಟ್ಟ ಬಟ್ಟಲಿನಲ್ಲಿ ಕುಳಿತಂತಿರುವುದು. ಸಿಲ್ವರ್ ಓಕಿನ ಎಲೆಯಾದರೋ ಜರೀಗಿಡದಂತೆ ಸೀಳಿದ್ದು, ಬೆನ್ನು ಬೆಳ್ಳಿಯಂತೆ ಹೊಳೆಯುವುದು, ಹೂ ಕಿತ್ತಳೆ ಬಣ್ಣದ್ದು, ಬೀಜಕ್ಕೆ ರೆಕ್ಕೆಯುಂಟು. ಇದರ ತವರು ಆಸ್ಟ್ರೇಲಿಯದ ಪೂರ್ವಭಾಗ. ಹಲಗೆಯ ಮೇಲಣ ಗೆರೆಗಳು ಓಕನ್ನು ಹೋಲುವುದರಿಂದ ಆ ಹೆಸರು ಬಂದಿತು.

19ನೆಯ ಶತಮಾನದಲ್ಲಿ ಭಾರತಕ್ಕೆ ಬಂದ ಈ ಮರವು ಕಾಲಕ್ರಮದಲ್ಲಿ ತೋಟಗಾರರಿಗೆ ಅಚ್ಚುಮೆಚ್ಚಾಯಿತು. ಹೊಸ ಬೀಜವನ್ನು ಮಡಿಯಲ್ಲಿ ಬಿತ್ತಿ, ಸಸಿಯನ್ನು ಮುಂಗಾರಿನಲ್ಲಿ ನೆಟ್ಟರೆ ಬೇಗನೆ ಎದ್ದು, ಕಾಫಿಗೆ ನೆರಳನ್ನೂ ಮೆಣಸಿನ ಬಳ್ಳಿಗೆ ಆಸರೆಯನ್ನೂ ಕೊಡುವುದು. 1976ರ ಕರ್ನಾಟಕ ವೃಕ್ಷ ಸಂರಕ್ಷಣಾ ಕಾನೂನಿನಲ್ಲಿ ಇದನ್ನು ಕಡಿಯಲು ಅಪ್ಪಣೆ ಬೇಡವೆಂಬ ವಿನಾಯಿತಿಯೂ ಉಂಟು. ಹೀಗಾಗಿ ಹಕ್ಕಿಗಳಿಗೆ ಹಣ್ಣು ಕೊಡುತ್ತಿದ್ದ ಅತ್ತಿ, ಬಸರಿ, ಹಲಸುಗಳ ಸ್ಥಾನವನ್ನು ಅನೇಕ ತೋಟಗಳಲ್ಲಿ ಈ ಅತಿಥಿಯೇ ಆಕ್ರಮಿಸಿತು.

ಇದನ್ನು ನೆಡಬಾರದೆಂದು ನಾವು ಹೇಳೆವು. ನೆಡುವವರು ಪಕ್ಕದ ಅತ್ತಿಗೆ ಕೊಡಲಿ ಹಾಕದಿರಲಿ ಎಂಬುದಷ್ಟೇ ನಮ್ಮ ಬಿನ್ನಹ.