ಉಗ್ರವಾದಿ ದೃಶ್ಯಗಳ ಡಿಜಿಟಲ್ ಪ್ರಸರಣ: ಕ್ರೈಸ್ಟ್‌ಚರ್ಚ್ ದಾಳಿಯ ವಿಡಿಯೊ ಕುರಿತು

ಉಗ್ರವಾದಿ ದೃಶ್ಯಗಳ ಕುರಿತ ಚರ್ಚೆ ಸಾಮಾನ್ಯವಾಗಿ ಅವುಗಳನ್ನು ತಯಾರಿಸಿದವರ ಸುತ್ತಲೇ ನಡೆಯುತ್ತದೆ. ಆದರೆ ಡಿಜಿಟಲ್ ಮಾಧ್ಯಮದಲ್ಲಿ ಇಂತಹ ದೃಶ್ಯದ ವ್ಯಾಪ್ತಿ ಮೂಲ ಪ್ರಸಾರಕ್ಕಿಂತ ಅದರ ನಕಲುಗಳನ್ನೇ ಹೆಚ್ಚಾಗಿ ಅವಲಂಬಿಸಿರುತ್ತದೆ ಎಂಬುದಕ್ಕೆ, 2019ರ ಮಾರ್ಚ್ 15ರಂದು ನ್ಯೂಜಿಲೆಂಡಿನ ಕ್ರೈಸ್ಟ್‌ಚರ್ಚ್ ನಗರದ ಎರಡು ಮಸೀದಿಗಳಲ್ಲಿ 51 ಜನರನ್ನು ಬಲಿ ತೆಗೆದುಕೊಂಡ ದಾಳಿಯ ವಿಡಿಯೊ ಸ್ಪಷ್ಟ ನಿದರ್ಶನವಾಗಿದೆ.

ಬಿಳಿಯರ ಶ್ರೇಷ್ಠತೆಯನ್ನು ಪ್ರತಿಪಾದಿಸುತ್ತಿದ್ದ ದಾಳಿಕೋರನು ಹೆಲ್ಮೆಟ್ಟಿಗೆ ಅಳವಡಿಸಿದ್ದ ಕ್ಯಾಮೆರಾದ ಮೂಲಕ ಕೃತ್ಯವನ್ನು ಫೇಸ್‌ಬುಕ್‌ನಲ್ಲಿ ಸುಮಾರು 17 ನಿಮಿಷಗಳ ಕಾಲ ನೇರ ಪ್ರಸಾರ ಮಾಡಿದನು. ಕಂಪನಿಯೇ ಪ್ರಕಟಿಸಿದ ಅಂಕಿಅಂಶಗಳ ಪ್ರಕಾರ ನೇರ ಪ್ರಸಾರದ ವೀಕ್ಷಣೆಗಳು 200ನ್ನೂ ಮುಟ್ಟಿರಲಿಲ್ಲ. ಬಳಕೆದಾರರಿಂದ ಮೊದಲ ದೂರು ಬಂದದ್ದು ಪ್ರಸಾರ ಮುಗಿದು 12 ನಿಮಿಷ ಕಳೆದ ಮೇಲೆ. ವಿಡಿಯೊವನ್ನು ತೆಗೆದುಹಾಕುವ ವೇಳೆಗೆ ಒಟ್ಟು ವೀಕ್ಷಣೆಗಳು ಸುಮಾರು 4,000ದಷ್ಟಿದ್ದವು. ಹೀಗಿದ್ದೂ ಮೊದಲ 24 ಗಂಟೆಗಳಲ್ಲಿ ಅದೇ ತಾಣವು 15 ಲಕ್ಷ ಪ್ರತಿಗಳನ್ನು ತೆಗೆದುಹಾಕಬೇಕಾಯಿತು. ಅವುಗಳಲ್ಲಿ 12 ಲಕ್ಷಕ್ಕೂ ಹೆಚ್ಚು ಪ್ರತಿಗಳು ಅಪ್‌ಲೋಡ್ ಹಂತದಲ್ಲೇ ತಡೆಹಿಡಿಯಲ್ಪಟ್ಟರೆ, ಉಳಿದವು ಆ ತಡೆಯನ್ನು ದಾಟಿದ್ದವು.

ಈ ನುಸುಳುವಿಕೆಯ ಕಾರಣವನ್ನು ಗುರುತಿಸುವಿಕೆಯ ತಂತ್ರದಲ್ಲಿಯೇ ಕಾಣಬಹುದು. ಕಡತವೊಂದರಿಂದ ಗಣಿತ ಸೂತ್ರದ ಮೂಲಕ ಪಡೆದ, ಬೆರಳಚ್ಚಿನಂತೆ ಅದನ್ನು ಗುರುತಿಸುವ ಸಂಕೇತವನ್ನು ಹ್ಯಾಷ್ ಎನ್ನುತ್ತಾರೆ. ಹೊಸ ಕಡತದ ಹ್ಯಾಷ್ ನಿಷೇಧಿತ ಕಡತದ ಹ್ಯಾಷ್‌ಗೆ ತಾಳೆಯಾದರೆ ವ್ಯವಸ್ಥೆಯು ಅದನ್ನು ತಡೆಯುತ್ತದೆ. ಸಾಮಾನ್ಯ ಹ್ಯಾಷ್ ಕಡತದಲ್ಲಿನ ಅತಿ ಸಣ್ಣ ಬದಲಾವಣೆಗೂ ಬೇರೆಯಾಗುವುದರಿಂದ, ದೃಶ್ಯಸಾಮ್ಯವನ್ನು ಅಳೆಯುವ ಹ್ಯಾಷ್‌ಗಳು ಬಳಕೆಗೆ ಬಂದಿವೆಯಾದರೂ, ಕತ್ತರಿಸಿದ, ಪರದೆಯಿಂದ ಮರುಚಿತ್ರಿಸಿದ ಪ್ರತಿಗಳು ಅವುಗಳಿಗೂ ಸವಾಲಾಗುತ್ತವೆ. ಕ್ರೈಸ್ಟ್‌ಚರ್ಚ್ ವಿಡಿಯೊದ 800ಕ್ಕೂ ಹೆಚ್ಚು ಭಿನ್ನ ರೂಪಗಳು ಪತ್ತೆಯಾದವು.

ಇಂತಹ ದೃಶ್ಯಗಳ ಪ್ರಸರಣವನ್ನು ತಡೆಯಲು 2019ರ ಮೇ 15ರಂದು ಪ್ಯಾರಿಸ್‌ನಲ್ಲಿ ನ್ಯೂಜಿಲೆಂಡ್ ಮತ್ತು ಫ್ರಾನ್ಸ್ ಆರಂಭಿಸಿದ 'ಕ್ರೈಸ್ಟ್‌ಚರ್ಚ್ ಕಾಲ್' ಎಂಬ ಉಪಕ್ರಮಕ್ಕೆ ಭಾರತವೂ ಬೆಂಬಲ ಸೂಚಿಸಿತು. ಆದಾಗ್ಯೂ 2022ರ ಮೇ 14ರಂದು ಅಮೆರಿಕದ ಬಫಲೊ ನಗರದಲ್ಲಿ 10 ಜನರನ್ನು ಕೊಂದ ದಾಳಿಯ ನೇರ ಪ್ರಸಾರವನ್ನು ಟ್ವಿಚ್ ತಾಣವು ಹಿಂಸೆ ಆರಂಭವಾದ ಎರಡೇ ನಿಮಿಷಗಳಲ್ಲಿ ನಿಲ್ಲಿಸಿದರೂ, ಅದರ ನಕಲುಗಳು ಇತರ ತಾಣಗಳಲ್ಲಿ ಹರಡಿದವು. ಆದುದರಿಂದ ಒಂದು ತಾಣದ ತ್ವರಿತ ಕ್ರಮವನ್ನಷ್ಟೇ ಯಶಸ್ಸಿನ ಮಾನದಂಡವಾಗಿ ಪರಿಗಣಿಸಲಾಗದು. ತಾಣಗಳ ನಡುವಿನ ಹ್ಯಾಷ್‌ಗಳ ಹಂಚಿಕೆಯು ಸಣ್ಣ ತಾಣಗಳಿಗೂ ವಿಸ್ತರಿಸದ ಹೊರತು, ಮತ್ತು ನ್ಯೂಜಿಲೆಂಡಿನ ಸೆನ್ಸಾರ್ ಅಧಿಕಾರಿ ಕ್ರೈಸ್ಟ್‌ಚರ್ಚ್ ವಿಡಿಯೊವನ್ನು ನಿಷೇಧಿಸಿ ಅದರ ಹಂಚಿಕೆಯನ್ನು ಶಿಕ್ಷಾರ್ಹವಾಗಿಸಿದಂತೆ ನಕಲು ಹಂಚುವವರ ಹೊಣೆಯೂ ನಿಗದಿಯಾಗದ ಹೊರತು, ಈ ಪ್ರಸರಣಕ್ಕೆ ತಡೆ ಬೀಳುವುದು ಸಾಧ್ಯವಿಲ್ಲ.