ಬಿಲ್ಲೆ ಕಟ್ಟಿಕೊಂಡು ಸೈಕಲ್ ತುಳಿದವರು: ಹಾಸನ ಸೀಮೆಯ ಒಂದು ದಾರಿಯ ಕಥೆ

ಭಾನುವಾರ ಬೆಳಗಿನ ಜಾವ ಚನ್ನರಾಯಪಟ್ಟಣದ ಹತ್ತಿರ, ಹೆದ್ದಾರಿ ಪಕ್ಕದ ಟೀ ಅಂಗಡಿಯಲ್ಲಿ ಕೂತಿದ್ದರೆ ಕೆಲವೊಮ್ಮೆ ಇವರು ಸಿಗುತ್ತಾರೆ. ತಲೆಗೆ ಹೆಲ್ಮೆಟ್, ಮೈಗೆ ಅಂಟಿದ ಬಟ್ಟೆ, ಸೈಕಲ್ ಹಿಂದೆ ಮಿಣುಕುವ ಕೆಂಪು ದೀಪ. ಟೀ ಕುಡಿದು, ಬಿಲ್ ಕೇಳಿ ಪಡೆದು, ಜೋಪಾನವಾಗಿ ಜೇಬಿಗೆ ಇಟ್ಟುಕೊಳ್ಳುತ್ತಾರೆ.

"ಎಲ್ಲಿಂದ ಬಂದ್ರಪ್ಪಾ?"

"ಬೆಂಗಳೂರಿಂದ, ತಾತ."

"ಸೈಕಲ್ಲಲ್ಲೇ? ಯಾಕ್ರಪ್ಪಾ, ಬಸ್ಸು ಸಿಗಲಿಲ್ವಾ?"

ಇವರದು 'ಬ್ರೆವೆ' ಎಂಬ ದೂರದ ಸವಾರಿ. ಅದರ ಬೇರು ಫ್ರಾನ್ಸಿನಲ್ಲಿದೆ. ಪ್ಯಾರಿಸ್‌ನಿಂದ ಬ್ರೆಸ್ಟ್ ಊರಿಗೆ ಹೋಗಿ ವಾಪಸ್ ಬರುವ ಸುಮಾರು 1,200 ಕಿ.ಮೀ. ಸವಾರಿ 1891ರಲ್ಲೇ ಶುರುವಾಯಿತು. ಈಗಿನ ನಿಯಮದ ಪ್ರಕಾರ 200 ಕಿ.ಮೀ.ಗೆ ಹದಿಮೂರೂವರೆ ಗಂಟೆ, 300ಕ್ಕೆ 20 ಗಂಟೆ, 600ಕ್ಕೆ 40 ಗಂಟೆ ಕಾಲಾವಕಾಶ. ಯಾರು ಮೊದಲು ಬಂದರು ಎಂಬ ಲೆಕ್ಕ ಇಲ್ಲ, ಹೊತ್ತಿನೊಳಗೆ ಮುಗಿಸಿದರೆ ಸಾಕು. ದಾರಿಯಲ್ಲಿ ಗೊತ್ತುಮಾಡಿದ ಜಾಗಗಳನ್ನು ಮುಟ್ಟಿದ್ದಕ್ಕೆ ಸಾಕ್ಷಿ ಬೇಕು. ಅದಕ್ಕೇ ಆ ಬಿಲ್.

ಪ್ರಶ್ನೆ ಕೇಳಿದ ತಾತನೂ ಒಂದು ಕಾಲಕ್ಕೆ ಸೈಕಲ್ ತುಳಿದವರೇ. ಆದರೆ ಅವರು ತುಳಿದ ದೂರಕ್ಕೆ ಸಾಕ್ಷಿ ಇಲ್ಲ.

ರೈಲು ಇಲ್ಲದ ಕಡೆ, ಬಸ್ಸು ಹೋಗದ ಕಡೆ

ಹಾಸನದಿಂದ ಗೊರೂರು ಮೇಲೆ ಅರಕಲಗೂಡು, ಅಲ್ಲಿಂದ ಹೊಳೆನರಸೀಪುರ, ಚನ್ನರಾಯಪಟ್ಟಣ, ಮತ್ತೆ ಹಾಸನ. ಈ ಸುತ್ತಿನಲ್ಲಿ ಹೇಮಾವತಿಯನ್ನು ಎರಡು ಸಲ ದಾಟಬೇಕು.

ಮೈಸೂರು–ಅರಸೀಕೆರೆ ರೈಲು ಹೊಳೆನರಸೀಪುರ, ಹಾಸನಗಳನ್ನು ಮುಟ್ಟಿತು. ಅರಕಲಗೂಡಿಗೆ ಇವತ್ತಿಗೂ ರೈಲಿಲ್ಲ. ಚನ್ನರಾಯಪಟ್ಟಣ, ಶ್ರವಣಬೆಳಗೊಳದ ಮೇಲೆ ಹಾಸನದಿಂದ ಬೆಂಗಳೂರಿಗೆ ನೇರ ರೈಲು ಓಡಿದ್ದು 2017ರಲ್ಲಿ. ಬಸ್ಸುಗಳೂ ಹೆಚ್ಚಾಗಿ ದೊಡ್ಡ ಊರಿನ ಕಡೆಗೇ ಮುಖ ಮಾಡಿದ್ದವು. ಹಳ್ಳಿಯಿಂದ ಹಳ್ಳಿಗೆ, ಒಂದು ಸಂತೆಯಿಂದ ಇನ್ನೊಂದು ಸಂತೆಗೆ ಅಡ್ಡದಾರಿಯಲ್ಲಿ ಹೋಗುವವರಿಗೆ ಇದ್ದದ್ದು ಕಾಲು, ಎತ್ತಿನಗಾಡಿ, ಆಮೇಲೆ ಸೈಕಲ್.

ಇವತ್ತಿನ ಆಕಾರದ ಸೈಕಲ್ ಇಂಗ್ಲೆಂಡಿನಲ್ಲಿ ಬಂದದ್ದು 1885ರಲ್ಲಿ. ಗಾಳಿ ತುಂಬುವ ಟೈರನ್ನು ಡನ್‌ಲಪ್ ಮಾಡಿದ್ದು 1888ರಲ್ಲಿ. ನಮ್ಮ ಕಡೆ ಮೊದಮೊದಲು ಬಂದವು ಪರದೇಶದ ಸೈಕಲ್‌ಗಳು. ಅವು ಅಧಿಕಾರಿಗಳು, ಮೇಷ್ಟ್ರು, ಸ್ಥಿತಿವಂತರ ಸವಾರಿಯಾಗಿದ್ದವು. ಸ್ವಾತಂತ್ರ್ಯದ ನಂತರ ಚಿತ್ರ ಬದಲಾಯಿತು. 1949ರಲ್ಲಿ ಮದ್ರಾಸಿನ ಅಂಬತ್ತೂರಿನಲ್ಲಿ ಟಿಐ ಸೈಕಲ್ಸ್, 1951ರಲ್ಲಿ ಸೋನಿಪತ್‌ನಲ್ಲಿ ಅಟ್ಲಾಸ್, 1956ರಲ್ಲಿ ಲುಧಿಯಾನದಲ್ಲಿ ಹೀರೋ ಶುರುವಾದವು. ಸೈಕಲ್ ರೈತರ ಮನೆಯ ಜಗಲಿಗೂ ಬಂತು. ಮದುವೆಯಲ್ಲಿ ಅಳಿಯನಿಗೆ ವಾಚು, ರೇಡಿಯೋ ಜೊತೆಗೆ ಸೈಕಲ್ಲೂ ಸೇರಿತು.

ಕ್ಯಾರಿಯರ್ ಮೇಲೆ ಕೂತ ಸಂಸಾರ

ಬ್ರೆವೆ ಸವಾರರ ಸೈಕಲ್ ಎಷ್ಟು ಹಗುರವೋ ಅಷ್ಟು ಒಳ್ಳೆಯದು. ನಮ್ಮವರ ಸೈಕಲ್ ಎಷ್ಟು ಹೊರುತ್ತದೋ ಅಷ್ಟು ಒಳ್ಳೆಯದು ಎನ್ನುವ ಲೆಕ್ಕ. ಚನ್ನರಾಯಪಟ್ಟಣದ ಕಡೆ ತೆಂಗಿನಕಾಯಿ, ಹಾಸನದ ಕಡೆ ಆಲೂಗಡ್ಡೆ ಮೂಟೆ, ಬೆಳಗ್ಗೆ ಹಾಲಿನ ಕ್ಯಾನು. ಎಪ್ಪತ್ತರ ದಶಕದ ಕೊನೆಗೆ ಹಾಸನದಲ್ಲಿ ಹಾಲು ಒಕ್ಕೂಟ ಬಂದು ಊರೂರಿಗೆ ಡೇರಿ ಆದಮೇಲೆ ಹಾಲಿನವರ ಸೈಕಲ್ ಇನ್ನೂ ಹೆಚ್ಚಿದವು. ಬಟ್ಟೆ ಗಂಟು, ಪಾತ್ರೆ, ಐಸ್‌ಕ್ಯಾಂಡಿ ಡಬ್ಬ, ಪೇಪರ್ ಕಟ್ಟು, ಅಂಚೆ ಚೀಲ ಎಲ್ಲವೂ ಎರಡು ಚಕ್ರದ ಮೇಲೇ ನಡೆದವು.

ಸ್ವಂತ ಸೈಕಲ್ ಇಲ್ಲದವರಿಗೆ ಬಾಡಿಗೆ ಸೈಕಲ್ ಅಂಗಡಿ. ಗಂಟೆ ಲೆಕ್ಕ, ಪರಿಚಯದವರಿಗೆ ಮಾತ್ರ. ಸೀಟು ಎಟುಕದ ಹುಡುಗರು ಬಾರಿನ ಕೆಳಗಿಂದ ಕಾಲು ತೂರಿಸಿ ಕಲಿತರು. ಮೊಣಕಾಲಿನ ಗಾಯದ ಗುರುತು ಈಗಲೂ ಅನೇಕರಲ್ಲಿದೆ.

ಸರ್ಕಾರಕ್ಕೂ ಸೈಕಲ್ ಒಂದು ಆದಾಯವಾಗಿತ್ತು. ಪುರಸಭೆಗೋ ಪಂಚಾಯ್ತಿಗೋ ತೆರಿಗೆ ಕಟ್ಟಿ ಬಿಲ್ಲೆ ಪಡೆದು ಸೈಕಲ್ಲಿಗೆ ಕಟ್ಟಬೇಕಿತ್ತು. ಬಿಲ್ಲೆ ಇಲ್ಲದಿದ್ದರೆ ದಂಡ. ರಾತ್ರಿ ದೀಪ ಇಲ್ಲದಿದ್ದರೆ ದಂಡ. ಇಬ್ಬರು ಕೂತರೂ ದಂಡ. ಪೇಟೆ ಹತ್ತಿರ ಬಂದ ಕೂಡಲೇ ಹಿಂದೆ ಕೂತವನು ಇಳಿದು ನಡೆಯುತ್ತಿದ್ದ, ಪೊಲೀಸರು ಕಣ್ಮರೆಯಾದ ಮೇಲೆ ಮತ್ತೆ ಹತ್ತುತ್ತಿದ್ದ.

ನೀರಿನಡಿ ಹೋದ ದಾರಿ

1979ರಲ್ಲಿ ಗೊರೂರಿನ ಹೇಮಾವತಿ ಅಣೆಕಟ್ಟು ಮುಗಿಯಿತು. ನಾಲೆಯ ನೀರು ದೂರದ ತಾಲ್ಲೂಕುಗಳನ್ನು ಹಸಿರು ಮಾಡಿತು. ಹಿನ್ನೀರಿನಲ್ಲಿ ಊರುಗಳು ಮುಳುಗಿದವು. ಮಳೆಗಾಲದಲ್ಲಿ ಮುಳುಗಿ ಬೇಸಿಗೆಯಲ್ಲಿ ಮೇಲೇಳುವ ಶೆಟ್ಟಿಹಳ್ಳಿಯ ಹಳೆ ಚರ್ಚನ್ನು ನೋಡಲು ಈಗ ಪ್ರವಾಸಿಗರು ಬರುತ್ತಾರೆ. ಆದರೆ ಮನೆ, ಹೊಲದ ಜೊತೆ ಕಾಲುದಾರಿ, ಗಾಡಿದಾರಿಗಳೂ ಮುಳುಗಿದ್ದವು. ನೇರ ಹೋಗುತ್ತಿದ್ದವರು ಸುತ್ತು ಹೊಡೆಯಬೇಕಾಯಿತು. ಬಸ್ಸಿನಲ್ಲಿ ಹೋಗುವವರಿಗೆ ಆ ಸುತ್ತು ಒಂದಿಷ್ಟು ಟಿಕೆಟ್ ದುಡ್ಡು. ಸೈಕಲ್ಲಿನವರಿಗೆ ಅದು ಮೊಣಕಾಲಿನ ನೋವು.

ಹೆಣ್ಣುಮಕ್ಕಳು ಹತ್ತಿದ ಮೇಲೆ

ಇಷ್ಟೂ ಕಥೆಯಲ್ಲಿ ಹೆಂಗಸರು ಹೆಚ್ಚಾಗಿ ಕ್ಯಾರಿಯರ್ ಮೇಲೇ ಕೂತಿದ್ದರು. ತಮಿಳುನಾಡಿನ ಪುದುಕ್ಕೋಟೆಯಲ್ಲಿ ತೊಂಬತ್ತರ ದಶಕದ ಆರಂಭದಲ್ಲಿ ಸಾಕ್ಷರತಾ ಆಂದೋಲನದ ಜೊತೆ ಸಾವಿರಾರು ಹಳ್ಳಿ ಹೆಂಗಸರು ಸೈಕಲ್ ಕಲಿತರು. ನಮ್ಮಲ್ಲಿ ದೊಡ್ಡ ಬದಲಾವಣೆ ತಂದದ್ದು 2006–07ರಲ್ಲಿ ಶುರುವಾದ, ಎಂಟನೇ ತರಗತಿ ಮಕ್ಕಳಿಗೆ ಉಚಿತ ಸೈಕಲ್ ಕೊಡುವ ಯೋಜನೆ. ಊರಿನ ಶಾಲೆ ಏಳನೇ ತರಗತಿಗೆ ಮುಗಿಯುತ್ತಿತ್ತು, ಹೈಸ್ಕೂಲು ನಾಲ್ಕೈದು ಕಿ.ಮೀ. ಆಚೆ. "ಅಷ್ಟು ದೂರ ಹುಡುಗಿ ಹೆಂಗೆ ಹೋಗ್ತಾಳೆ?" ಎಂದು ಓದು ಬಿಡಿಸುತ್ತಿದ್ದ ಮನೆಗಳಲ್ಲಿ ಆ ಸೈಕಲ್ ಒಂದು ಉತ್ತರವಾಯಿತು. ಕೋವಿಡ್ ಕಾಲದಲ್ಲಿ ವಿತರಣೆ ನಿಂತುಹೋಯಿತು. ಅಟ್ಲಾಸ್ ಕಂಪನಿಯ ಕೊನೆಯ ಕಾರ್ಖಾನೆ ಬಾಗಿಲು ಹಾಕಿದ್ದೂ 2020ರ ಜೂನ್ 3ರಂದೇ. ಅಂದು ವಿಶ್ವ ಸೈಕಲ್ ದಿನ.

ಈಗ ದಾರಿ ಯಾರದು?

ಬೆಂಗಳೂರು–ಹಾಸನ ಹೆದ್ದಾರಿ ನಾಲ್ಕು ಪಥವಾಗಿದೆ. ಕಾರಿನವರಿಗೆ ಸುಖ. ಆದರೆ ರಸ್ತೆ ಆಚೆ ಹೊಲ, ಈಚೆ ಮನೆ ಇರುವವರ ಕಥೆ ಬೇರೆ. ಹುಲ್ಲಿನ ಹೊರೆ ಕಟ್ಟಿಕೊಂಡು ಡಿವೈಡರ್ ದಾಟಲು ದೂರ ಹೋಗಿ ತಿರುಗಬೇಕು. ಇಲ್ಲವೇ ಎದುರು ದಿಕ್ಕಿನಲ್ಲಿ ಪ್ರಾಣ ಕೈಯಲ್ಲಿ ಹಿಡಿದು ತುಳಿಯಬೇಕು. ಸರ್ವಿಸ್ ರಸ್ತೆ ಇಲ್ಲದ ಕಡೆ ಸೈಕಲ್ಲಿಗೆ ಉಳಿದಿರುವುದು ಬಿಳಿ ಗೆರೆಯ ಆಚೆಗಿನ ಒಂದಿಷ್ಟು ಅಂಚು ಮಾತ್ರ.

ಬ್ರೆವೆ ಸವಾರರ ಮೇಲೆ ನಮಗೇನೂ ಸಿಟ್ಟಿಲ್ಲ. ಅವರೂ ಅದೇ ಅಂಚಿನಲ್ಲಿ, ಅದೇ ಲಾರಿಗಳ ಗಾಳಿಗೆ ಸಿಕ್ಕಿ ತುಳಿಯುವವರು. ಆದರೆ "ಹಾಸನ ಸೀಮೆಯ ದೂರದ ಸೈಕಲ್ ದಾರಿ" ಎಂದು ಯಾರಾದರೂ ನಕ್ಷೆ ಬರೆದರೆ, ಅದು ಹೊಸದಾಗಿ ಕಂಡುಹಿಡಿದ ದಾರಿ ಅಲ್ಲ ಎಂಬುದು ಗೊತ್ತಿರಲಿ. ಹಾಲಿನವರು, ಬಟ್ಟೆ ಮಾರುವವರು, ಅಂಚೆಯವರು ಅದನ್ನು ದಿನಾ ತುಳಿದಿದ್ದರು. ಆ ದಾರಿಯಲ್ಲಿ ಅವರ ಮೊಮ್ಮಕ್ಕಳಿಗೂ ಜಾಗ ಬೇಕು.

ಓದುಗರಲ್ಲಿ ಒಂದು ಕೋರಿಕೆ. ಇವತ್ತು ಸಂಜೆ ಮನೆಯ ಹಿರಿಯರ ಹತ್ತಿರ ಕೂತು ಕೇಳಿ: ಮೊದಲ ಸೈಕಲ್ ಯಾವ ವರ್ಷ ಬಂತು? ಎಷ್ಟು ಕೊಟ್ಟಿರಿ? ಅದರ ಮೇಲೆ ಹೋದ ಅತಿ ದೂರದ ಊರು ಯಾವುದು, ಯಾಕೆ ಹೋಗಿದ್ದಿರಿ? ಅವರ ಮಾತನ್ನು ಫೋನಿನಲ್ಲೇ ರೆಕಾರ್ಡ್ ಮಾಡಿಕೊಳ್ಳಿ. ಅಟ್ಟದ ಮೇಲೆ ಹಳೆಯ ಬಿಲ್ಲೆ ಸಿಕ್ಕರೆ ಗುಜರಿಗೆ ಹಾಕಬೇಡಿ. ಟೀ ಅಂಗಡಿಯ ಬಿಲ್ ಸಾಕ್ಷಿಯಾಗುವುದಾದರೆ, ಆ ತಗಡಿನ ತುಂಡೂ ಸಾಕ್ಷಿಯೇ.