ಅಶೋಕ ರಸ್ತೆಯ ಫಿಲೋಮಿನಾ ಚರ್ಚ್: ಎರಡು ಗೋಪುರದ ಹಿಂದಿನ ಕಥೆ

ಮೈಸೂರು: ಅಶೋಕ ರಸ್ತೆ ಕಡೆ ವಿಳಾಸ ಹೇಳೋವಾಗ ‘ಫಿಲೋಮಿನಾ ಚರ್ಚ್ ಹತ್ರ’ ಅನ್ನೋದು ನಮಗೆಲ್ಲ ರೂಢಿ. ದಿನಾ ಅದರ ಮುಂದೆ ಓಡಾಡೋರಲ್ಲೂ ಅದನ್ನ ಬ್ರಿಟಿಷರು ಕಟ್ಟಿದ್ದು ಅಂದ್ಕೊಂಡವರು ಇದ್ದಾರೆ. ಆದರೆ ಇದಕ್ಕೆ ಅಡಿಗಲ್ಲು ಹಾಕಿದ್ದು ನಮ್ಮ ಮಹಾರಾಜರೇ. 1933ರ ಅಕ್ಟೋಬರ್ 28ರಂದು ನಾಲ್ವಡಿ ಕೃಷ್ಣರಾಜ ಒಡೆಯರ್ ಶಂಕುಸ್ಥಾಪನೆ ಮಾಡಿದರು.

ಅದಕ್ಕೂ ಮೊದಲು ಇದೇ ಜಾಗದಲ್ಲಿ ಒಂದು ಚಿಕ್ಕ ಚರ್ಚ್ ಇತ್ತು. ಅದು 1843ರದ್ದು, ಮುಮ್ಮಡಿ ಕೃಷ್ಣರಾಜ ಒಡೆಯರ್ ಕಾಲದ್ದು. ಊರು ಬೆಳೆದ ಮೇಲೆ ಜನಕ್ಕೆ ಜಾಗ ಸಾಲದಾಯ್ತು.

ಹೊಸ ಚರ್ಚಿಗೆ ದಾರಿಯಾಗಿದ್ದು ಅರಮನೆಯ ಒಬ್ಬ ಅಧಿಕಾರಿಯಿಂದ. ಮಹಾರಾಜರ ಹುಜೂರ್ ಕಾರ್ಯದರ್ಶಿಯಾಗಿದ್ದ ತಂಬುಚೆಟ್ಟಿ ಅವರು 1926ರಲ್ಲಿ ಪೋಪ್ ಪ್ರತಿನಿಧಿ ಪೀಟರ್ ಪಿಸಾನಿ ಅವರಿಂದ ಸಂತ ಫಿಲೋಮಿನಾಳ ಪವಿತ್ರ ಅವಶೇಷ ಪಡೆದರು. ಅದನ್ನ ಫಾದರ್ ಕೋಷೆ ಅವರಿಗೆ ಒಪ್ಪಿಸಿದರು. ಆಮೇಲೆ ಫಾದರ್ ಮಹಾರಾಜರ ಹತ್ತಿರ ಹೋಗಿ ಚರ್ಚ್ ಕಟ್ಟೋಕೆ ನೆರವು ಕೇಳಿದರು.

ನಕ್ಷೆ ಮಾಡಿದ್ದು ಡೇಲಿ ಅನ್ನೋ ಫ್ರೆಂಚ್ ವಾಸ್ತುಶಿಲ್ಪಿ. ಜರ್ಮನಿಯ ಕಲೋನ್ ಊರಿನ ಚರ್ಚ್ ಮಾದರಿ, ಗಾಥಿಕ್ ಶೈಲಿ. ಹಾಗಂದ್ರೆ ಏನು ಅಂತ ತಿಳೀಬೇಕಾದ್ರೆ ಒಳಗೆ ನಿಂತು ಒಂದ್ಸಲ ತಲೆ ಎತ್ತಿ ನೋಡಿ. ಕಮಾನುಗಳು ದುಂಡಗಿಲ್ಲ, ತುದಿ ಚೂಪು. ಈ ಶೈಲಿಯಲ್ಲಿ ಚಾವಣಿಯ ಭಾರ ಕಮಾನಿನಿಂದ ಕಂಬಕ್ಕೆ ಇಳಿಯುತ್ತೆ. ಗೋಡೆ ಮೇಲೆ ಹೊರೆ ಕಡಿಮೆ, ಅದಕ್ಕೇ ಎತ್ತರದ ಕಿಟಕಿ ಇಡೋಕೆ ಆಗೋದು. ಬಣ್ಣದ ಗಾಜಿನ ಆ ಕಿಟಕಿಗಳಲ್ಲಿ ಯೇಸುವಿನ ಜನನ, ಕೊನೆಯ ಭೋಜನ, ಶಿಲುಬೆ, ಪುನರುತ್ಥಾನದ ಚಿತ್ರಗಳಿವೆ. ಮೇಲಿಂದ ನೋಡಿದರೆ ಇಡೀ ಕಟ್ಟಡವೇ ಶಿಲುಬೆ ಆಕಾರ. ಉದ್ದನೆಯ ಭಾಗದಲ್ಲಿ ಸುಮಾರು 800 ಜನ ಕೂರಬಹುದು. ಎರಡು ಗೋಪುರಗಳ ಎತ್ತರ 175 ಅಡಿ. ಏಷ್ಯಾದಲ್ಲಿ ಎಷ್ಟನೇ ಎತ್ತರದ್ದು ಅಂತ ಒಬ್ಬೊಬ್ಬ ಗೈಡ್ ಒಂದೊಂದು ಲೆಕ್ಕ ಹೇಳ್ತಾರೆ, ಅದು ಬಿಡಿ.

ಫಿಲೋಮಿನಾಳ ವಿಷಯ ಮಾತ್ರ ಸ್ವಲ್ಪ ವಿಚಿತ್ರ. 1802ರಲ್ಲಿ ರೋಮ್‌ನ ನೆಲದಡಿಯ ಸಮಾಧಿಯೊಂದರಲ್ಲಿ ಹುಡುಗಿಯೊಬ್ಬಳ ಮೂಳೆಗಳು ಸಿಕ್ಕವು. ಸಮಾಧಿ ಮುಚ್ಚಿದ್ದ ಹೆಂಚಿನ ಮೇಲಿನ ಅಕ್ಷರಗಳಿಂದಲೇ ಈ ಹೆಸರು ಬಂತು. ಆಕೆ ಯಾರು ಅನ್ನೋದಕ್ಕೆ ಬೇರೆ ಗಟ್ಟಿ ದಾಖಲೆ ಇಲ್ಲ. 1961ರಲ್ಲಿ ರೋಮ್‌ನವರು ಆಕೆಯ ಹಬ್ಬವನ್ನ ಪೂಜಾ ಪಂಚಾಂಗದಿಂದ ತೆಗೆದರು. ಮೈಸೂರಿನ ಚರ್ಚ್ ಹೆಸರು ಬದಲಾಗಲಿಲ್ಲ, ಬನ್ನಿಮಂಟಪದಲ್ಲಿ 1946ರಲ್ಲಿ ಶುರುವಾದ ಕಾಲೇಜಿನ ಹೆಸರೂ ಅದೇ ಉಳೀತು. ಬರೋ ಭಕ್ತರೂ ನಿಲ್ಲಲಿಲ್ಲ. ಅವರಲ್ಲಿ ಎಲ್ಲ ಧರ್ಮದವರೂ ಇದ್ದಾರೆ.

ನೆಲಮಾಳಿಗೆಯಲ್ಲಿ ಸಂತಳ ಮಲಗಿದ ಪ್ರತಿಮೆ ಇದೆ. ದಾರಿ ಕಿರಿದು, ಒಂದು ಕಡೆ ಮೆಟ್ಟಿಲಿಳಿದು ಇನ್ನೊಂದು ಕಡೆ ಹತ್ತಿ ಬರಬೇಕು. ಒಳಗೆ ಫೋಟೊ ತೆಗೆಯೋ ಹಾಗಿಲ್ಲ. ನೆಂಟರನ್ನ ಕರ್ಕೊಂಡು ಹೋಗೋರು ಇದನ್ನ ಮೊದಲೇ ಹೇಳಿಬಿಡಿ.